ಅತ್ತಿಗೆ ಮುಟ್ಟಿದ ಮೆಣಸಿನಕಾಯಿ

ಮುಟ್ಟಾದವಳು ಮುಟ್ಟಿದರೆ ಉಪ್ಪಿನಕಾಯಿ ಕೆಡುತ್ತದೆ ಎನ್ನುವುದು ಸುಳ್ಳು. ಆ ಸುಳ್ಳು ನಂಬಿ ಅವಳನ್ನು ಅಡುಗೆಮನೆಯಿಂದ ಹೊರಗೆ ಕೂರಿಸುವುದು ಅನ್ಯಾಯ. ಗೆಳತಿಯರೇ, ಗೆಳೆಯರೇ, ಇವತ್ತು ನಮ್ಮ ಮನೆಯಲ್ಲೇ ಸಾಕ್ಷಿ ಸಿಕ್ಕಿತು.

ನಿನ್ನೆ ಅಜ್ಜಿ ಬಾಳ್ಳುಪೇಟೆಗೆ ಹೋಗಿದ್ದಾಗ, ಮುಟ್ಟಾಗಿ ಜಗಲಿಯಲ್ಲಿ ಕೂತಿದ್ದ ಅತ್ತಿಗೆಯನ್ನು ನಾನು ಒಳಗೆ ಕರೆದೆ. ಹಸಿಮೆಣಸಿನಕಾಯಿ ಹೆಚ್ಚಿ ಬಾಟಲಿಗೆ ತುಂಬಿದ್ದು, ಉಪ್ಪು ಸಕ್ಕರೆ ಹಾಕಿ ಕುದಿಸಿದ ವಿನೆಗರ್ ಸುರಿದದ್ದು ಎಲ್ಲ ಅವರೇ. ಆರಿದ ಮೇಲೆ ಫ್ರಿಜ್ಜಿಗಿಟ್ಟೆವು.

ಇವತ್ತು ಮಧ್ಯಾಹ್ನ ಅಜ್ಜಿ ಮೊಸರನ್ನಕ್ಕೆ ಅದನ್ನು ಮತ್ತೆ ಮತ್ತೆ ಹಾಕಿಸಿಕೊಂಡರು.

"ಏನ್ ಚೆನ್ನಾಗೈತೆ ಕಣೇ! ಕುರುಂ ಅಂತೈತೆ. ನೀನಾ ಮಾಡಿದ್ದು?"

"ಅಲ್ಲ ಅಜ್ಜಿ, ಅತ್ತಿಗೆ. ನಿನ್ನೆ."

ಅಜ್ಜಿಯ ಕೈ ಬಾಯಿಯ ಹತ್ತಿರವೇ ನಿಂತಿತು. ಜಗಲಿಯಲ್ಲಿ ಕೂತಿದ್ದ ಅತ್ತಿಗೆ ಒಳಕ್ಕೆ ಕತ್ತು ಚಾಚಿದರು. ಮುಟ್ಟಿನ ಬಗ್ಗೆ ಕರಪತ್ರಗಳಲ್ಲಿ ಓದಿದ್ದನ್ನೆಲ್ಲ ಹೇಳಿಬಿಡಲು ನಾನು ಸಜ್ಜಾದೆ. ಅಷ್ಟರಲ್ಲಿ ಅಜ್ಜಿ ತುತ್ತು ನುಂಗಿದರು.

"ಬುಡು, ಇದೇನ್ ಉಪ್ಪಿನಕಾಯೇನೇ? ಬಿಸ್ಲು ಕಂಡಿಲ್ಲ, ಎಣ್ಣೆ ಕಂಡಿಲ್ಲ. ತಂಗಳ ಪೆಟ್ಟಿಗೇಲಿರೋದಕ್ಕೆ ಯಾವ ಮೈಲಿಗೆ? ಇನ್ನೊಂಚೂರು ತರಕ್ಕೇಳು ಅವಳಿಗೆ."

ಅತ್ತಿಗೆ ಎದ್ದು ನೇರ ಅಡುಗೆಮನೆಗೆ ಬಂದು ಫ್ರಿಜ್ಜಿನ ಬಾಗಿಲು ತೆರೆದರು.

"ಹಂಗಾದ್ರೆ ಮಾವಿನಕಾಯಿ ಭರಣಿ?" ಎಂದೆ.

"ಅದರ ಸುದ್ದಿಗೆ ಬಂದ್ರೆ ಕಾಲು ಮುರೀತೀನಿ!"

ನಮ್ಮ ಕ್ರಾಂತಿ ಸದ್ಯಕ್ಕೆ ಫ್ರಿಜ್ಜಿನ ತನಕ ಬಂದು ನಿಂತಿದೆ. ಮುಂದೆ ಹೋಗಬೇಕಾದರೆ ಬಿಸಿಲು, ಎಣ್ಣೆ ಎರಡೂ ಕಂಡ ಉಪ್ಪಿನಕಾಯಿಯೇ ಬೇಕು. ಅಜ್ಜಿ ಮನೆಯಲ್ಲೇ ಇರುತ್ತಾರೆ, ಧೈರ್ಯ ಮಾಡಿ ಬನ್ನಿ. ಯಾರ ತಿಂಗಳ ಲೆಕ್ಕವನ್ನೂ ಯಾರೂ ಕೇಳುವುದಿಲ್ಲ. ಎಲ್ಲರೂ ಅದೇ ಜಗಲಿಯಲ್ಲಿ ಕೂತು ಮಾವಿನಕಾಯಿ ಹೆಚ್ಚೋಣ: ಈ ಭಾನುವಾರ, ಬೆಳಿಗ್ಗೆ ಹತ್ತು ಗಂಟೆಗೆ.