ಅಪರವಿಯ ಮೂರನೆಯ ಚೀಟಿ

ನಮ್ಮ ನಿಘಂಟು ಕಚೇರಿಯಲ್ಲಿ ಯಾರನ್ನೂ ಹೆಸರು ಹಿಡಿದು ಕರೆಯುವ ರೂಢಿಯಿಲ್ಲ. ಯಾವ ಅಕ್ಷರದ ಚೀಟಿಗಳ ಡಬ್ಬ ನಿಮ್ಮ ಮೇಜಿನ ಮೇಲಿದೆಯೋ ನೀವು ಆ ಅಕ್ಷರ, ಅಷ್ಟೇ. ನಾನು ಕಕಾರ. ನನ್ನ ಎದುರು ಮೇಜಿನವರು ಅಕಾರ. ಅವರು ನನ್ನ ಭಾವ ಕೂಡ, ಅಕ್ಕನ ಗಂಡ. ಆ ಸಂಬಂಧ ಕುದುರಿಸಿದ ತಪ್ಪು ನನ್ನದೇ. ಇಪ್ಪತ್ತೇಳು ವರ್ಷಗಳ ಹಿಂದೆ ಅಕ್ಕನ ಮುಂದೆ ಕೂತು, "ನಮ್ಮ ಆಫೀಸಲ್ಲಿ ಒಬ್ರಿದ್ದಾರೆ ಕಣೆ, ಪಾಪದವರು, ಯಾವ ಚಟಾನೂ ಇಲ್ಲ" ಅಂದಿದ್ದೆ. ಪಾಪದವರು ಎಂಬ ಮಾತು ಇವತ್ತಿಗೂ ನಿಜ.

ಚಟವೆಂದರೆ ಚೀಟಿ. ರಬ್ಬರ್ ಬ್ಯಾಂಡ್ ಹಾಕಿದ ಖಾಲಿ ಚೀಟಿಗಳ ಕಟ್ಟೊಂದು ಭಾವನ ಅಂಗಿಯ ಜೇಬಿನಲ್ಲಿ ಸದಾ ಇರುತ್ತದೆ. ಯಾರ ಬಾಯಿಂದ ಹೊಸ ಮಾತು ಬಿದ್ದರೂ ಅದು ನೆಲ ಮುಟ್ಟುವ ಮೊದಲೇ ಇವರ ಚೀಟಿಯಲ್ಲಿರುತ್ತದೆ. ಮದುವೆಯ ದಿನ ನಮ್ಮ ದೊಡ್ಡಪ್ಪ ಕೂತಿದ್ದ ಕುರ್ಚಿ ಮುರಿದು, ಅವರು ಬಿದ್ದಲ್ಲಿಂದಲೇ ಒಂದು ಬೈಗುಳ ಬೈದರು. ಎಲ್ಲರೂ ದೊಡ್ಡಪ್ಪನನ್ನು ಎತ್ತಲು ಓಡಿದರೆ ಮದುಮಗ ಪೆನ್ನು ಹುಡುಕಿದರು. ದೊಡ್ಡಪ್ಪ ತೀರಿಕೊಂಡು ಹತ್ತು ವರ್ಷವಾಯಿತು. ಆ ಬೈಗುಳ ಮಾತ್ರ ನಮ್ಮ ನಿಘಂಟಿನಲ್ಲಿ ಚೆನ್ನಾಗಿಯೇ ಇದೆ.

ಇಂಥವರಿಗೆ ಸಾವಿರಾರು ಚೀಟಿಗಳ ನಡುವೆ ಒಂದರ ಮೇಲೆ ವಿಪರೀತ ಮೋಹ. ಕೆಲಸಕ್ಕೆ ಸೇರಿದ ದಿನ ಬರೆದ ಮೊದಲ ಚೀಟಿ ಅದು: ಅಪರವಿ. ಖಗೋಳದ ಪದ. ಗ್ರಹಗಳು ಸೂರ್ಯನನ್ನು ಸುತ್ತುವ ದಾರಿ ಪೂರ್ತಿ ಗುಂಡಗಿಲ್ಲವಂತೆ, ಕಾಲಿಗೆ ಸಿಕ್ಕಿ ಸ್ವಲ್ಪ ಅಮುಕಿದ ಬಳೆಯ ಹಾಗಿದೆಯಂತೆ. ಹಾಗಾಗಿ ಪ್ರತಿ ಸುತ್ತಿನಲ್ಲಿ ಗ್ರಹ ಒಮ್ಮೆ ಸೂರ್ಯನಿಗೆ ಅತಿ ಹತ್ತಿರ ಬರುತ್ತದೆ, ಒಮ್ಮೆ ಅತಿ ದೂರ ಹೋಗುತ್ತದೆ. ಹತ್ತಿರದ ಆ ಜಾಗ ಪುರರವಿ, ದೂರದ್ದು ಅಪರವಿ. ಅಪರವಿಯಲ್ಲಿ ಗ್ರಹದ ನಡಿಗೆ ಎಲ್ಲಕ್ಕಿಂತ ನಿಧಾನ. ಅದಕ್ಕಿಂತ ದೂರ ಹೋಗಲು ಅದಕ್ಕೆ ದಾರಿಯಿಲ್ಲ, ಅಲ್ಲಿಂದ ಮುಂದೆ ಹತ್ತಿರವಾಗುವುದೇ. ಇದನ್ನೆಲ್ಲ ನಾನು ಓದಿ ತಿಳಿದದ್ದಲ್ಲ, ಭಾವ ತಲೆ ತಿಂದು ತಿಳಿಸಿದ್ದು.

"ಅಷ್ಟು ದೂರದ ಜಾಗಕ್ಕೂ ಒಂದು ಹೆಸರಿಟ್ಟಿದ್ದಾರಲ್ಲ, ಎಂಥ ಅಕ್ಕರೆ ನೋಡು," ಅನ್ನುತ್ತಿದ್ದರು. ನಾನು ನೋಡಿದ ಹಾಗೆ ಮಾಡಿ ನನ್ನ ಕಕಾರಕ್ಕೆ ಮರಳುತ್ತಿದ್ದೆ.

ಹೋದ ವರ್ಷ ನಿಘಂಟಿನ ಚಿಕ್ಕ ಆವೃತ್ತಿ ತರಬೇಕೆಂದು ತೀರ್ಮಾನವಾಯಿತು. ನಮ್ಮ ಪ್ರಧಾನ ಸಂಪಾದಕರಿಗೆ ಯಾವ ಅಕ್ಷರವೂ ಇಲ್ಲ, ಅವರನ್ನು ದೊಡ್ಡವರು ಎನ್ನುತ್ತೇವೆ. ದೊಡ್ಡವರು ನಿಂತುಕೊಂಡೇ ನಿಯಮ ಓದಿದರು. ಪ್ರತಿ ಪದಕ್ಕೂ ಮೂರು ಬೇರೆ ಬೇರೆ ಜನರ ಬಳಕೆ ಸಿಗಬೇಕು. ಪುಸ್ತಕದ್ದಾದರೂ ಸರಿ, ಆಡುಮಾತಾದರೂ ಸರಿ. ಆಡುಮಾತಾದರೆ ಕಚೇರಿಯ ಇಬ್ಬರು ಸ್ವಂತ ಕಿವಿಯಿಂದ ಕೇಳಿ ಚೀಟಿಗೆ ಸಹಿ ಹಾಕಬೇಕು. ಆಡಿದವರು ಸರಿಯಾದ ಅರ್ಥದಲ್ಲಿ, ತಮ್ಮ ಅಗತ್ಯಕ್ಕೆ ಆಡಿರಬೇಕು, ಯಾರೂ ಆಡಿ ಎಂದು ಕೇಳಿಕೊಂಡಿರಬಾರದು. ಕಚೇರಿಯವರು ಆಡಿದ್ದು ಲೆಕ್ಕಕ್ಕಿಲ್ಲ. ತಿಂಗಳ ಕೊನೆಯ ದಿನ ಬೆಳಿಗ್ಗೆ ಹನ್ನೊಂದರೊಳಗೆ ಮೂರು ಆಗದಿದ್ದರೆ ಪದ ಹಸಿರು ಬೀರುವಿನ ಕೆಳಗಿನ ಖಾನೆಗೆ. ಆ ಖಾನೆಯಿಂದ ಇದುವರೆಗೆ ಜಿರಲೆ ಬಿಟ್ಟರೆ ಬೇರೇನೂ ಹೊರಬಂದಿಲ್ಲ.

ಪುರರವಿಗೆ ನಾಲ್ಕು ಬಳಕೆಗಳಿದ್ದವು. ಅಪರವಿಗೆ ಒಂದೇ, ಯಾವುದೋ ಹಳೆಯ ಶಾಲಾ ಪಠ್ಯದ್ದು.

"ಹತ್ರ ಇರೋದಕ್ಕೆ ಜಾಗ ಇದೆ, ದೂರ ಇರೋದಕ್ಕೆ ಇಲ್ವಾ ಸಾರ್?" ಭಾವ ಕೇಳಿದರು.

"ಜನ ಆಡಿದ್ರೆ ಇರುತ್ತೆ ಅಕಾರ. ಆಡದೇ ಇದ್ರೆ ನಾನೇನು ಮಾಡ್ಲಿ," ಅಂದರು ದೊಡ್ಡವರು. ಅವರೂ ಕೆಟ್ಟವರಲ್ಲ, ಪುಟಗಳು ಅಷ್ಟೇ ಇದ್ದವು.

ಅಂದಿನಿಂದ ಭಾವ ಕೈ ತೊಳೆದುಕೊಂಡು ಊರಿನ ಬೆನ್ನು ಹತ್ತಿದರು. ಆಡಿ ಎಂದು ಕೇಳುವಂತಿಲ್ಲ, ಆದರೆ ತಾವು ಆಡಬಹುದಲ್ಲ. ಹತ್ತು ಸಲ ಕಿವಿಗೆ ಬಿದ್ದರೆ ಹನ್ನೊಂದನೆಯ ಸಲ ಜನರ ಬಾಯಿಗೆ ತಾನಾಗಿ ಬಂದೀತು ಎಂಬ ಲೆಕ್ಕಾಚಾರ. ಬಂದರೆ ಕೇಳಿಸಿಕೊಳ್ಳಲು ಇನ್ನೊಂದು ಜೊತೆ ಕಿವಿ ಬೇಕು, ಆ ಕಿವಿ ನನ್ನದು. ಬೇಡ ಅಂದೆ. "ನಿನ್ನ ಕಾಲು ಹಿಡ್ಕೋತೀನಿ" ಅಂದು ನಿಜಕ್ಕೂ ಬಗ್ಗಿದರು. ಎದುರಿಗೆ ಚಕಾರ, ತಕಾರ ಎಲ್ಲರೂ ನೋಡುತ್ತಿದ್ದರು, ಒಪ್ಪಿಕೊಂಡೆ.

ಬಸ್ಸಿನಲ್ಲಿ ಹಿಂದಿನ ಸೀಟಿಗೆ ಹೋಗಿ, "ಇವತ್ತು ಡ್ರೈವರಿನಿಂದ ನಾನು ಅಪರವಿಯಲ್ಲಿದ್ದೀನಿ" ಎಂದು ಕೂಗುವರು. ಮೂರನೆಯ ವಾರಕ್ಕೆ ಕಂಡಕ್ಟರ್, "ಅಪರವಿ ಹತ್ತಿದ್ರು, ಸ್ವಲ್ಪ ದಾರಿ ಬಿಡಿ" ಅನ್ನತೊಡಗಿದ. ಭಾವ ಹಿಗ್ಗಿ ಚೀಟಿ ಬರೆದರು. ದೊಡ್ಡವರು ಕನ್ನಡಕ ಏರಿಸಿ, "ಇದು ನಿಮಗಿಟ್ಟ ಅಡ್ಡಹೆಸರು ಕಣ್ರೀ" ಎಂದು ಹಿಂದಿರುಗಿಸಿದರು.

ಕ್ಷೌರದ ಅಂಗಡಿಗೆ ಆ ತಿಂಗಳು ಮೇಲಿಂದ ಮೇಲೆ ಹೋದರು. ನಾನು ಬೆಂಚಿನ ಮೇಲೆ ಕೂತು ಪೇಪರು ಓದುವ ನಾಟಕ. ಬಂದವರೆಲ್ಲ ನನ್ನನ್ನು ಯಾರ ತಾಯಿಯೋ ಅಂದುಕೊಳ್ಳುತ್ತಿದ್ದರು, ಒಬ್ಬರಂತೂ "ಮಗನ್ನ ಇನ್ನೂ ಕುರ್ಚಿಗೆ ಕೂರಿಸಿಲ್ವಾ ಅಮ್ಮ?" ಎಂದು ಕೇಳಿಯೂ ಬಿಟ್ಟರು. ನಾನು ಪೇಪರನ್ನು ಮುಖಕ್ಕೆ ಅಡ್ಡ ಹಿಡಿದೆ. ಐದನೆಯ ಸಲ ಕ್ಷೌರಿಕ ಕತ್ತರಿ ಎತ್ತಿ ಹಿಡಿದು, "ಸಾರ್, ಕಿವಿ ಹಿಂದೆ ಅಪರವಿ ಮಾಡ್ಲಾ, ಹಾಗೇ ಬಿಡ್ಲಾ?" ಎಂದು ಕೇಳಿದ. ಪದ ಬಂತು, ಅರ್ಥ ಬರಲಿಲ್ಲ. ಅಷ್ಟು ಹೊತ್ತಿಗೆ ಭಾವನ ತಲೆಯಲ್ಲಿ ಮಾಡಲೂ ಬಿಡಲೂ ಏನೂ ಉಳಿದಿರಲಿಲ್ಲ.

ಎರಡನೆಯ ಬಳಕೆ ಸಿಕ್ಕಿದ್ದು ನಮ್ಮ ಕಚೇರಿಯ ಮೆಟ್ಟಿಲ ಕೆಳಗೆ ಚಹಾ ಅಂಗಡಿ ಇಟ್ಟವಳಿಂದ. ಅವಳು ಕೆಟಲ್ ಹಿಡಿದು ಬಾಗಿಲಿಂದ ಶುರುಮಾಡಿದರೆ ಭಾವನ ಮೇಜು ಕೊನೆಯದು, ಚಹಾ ತಣ್ಣಗಾಗಿರುತ್ತಿತ್ತು. "ನನ್ನ ಮೇಜು ಅಪರವಿ, ಏನು ಮಾಡೋದು" ಎಂದು ಇವರು ದಿನವೂ ಗೊಣಗುತ್ತಿದ್ದರು. ಒಂದು ದಿನ ಅವಳು ಸೊಂಟಕ್ಕೆ ಕೈ ಇಟ್ಟು, "ಅಪರವಿಯಲ್ಲಿ ಕೂತ್ಕೊಂಡು ಬಿಸಿ ಬೇಕು ಅಂದ್ರೆ ಹೇಗಪ್ಪಾ? ಎದ್ದು ಹತ್ರ ಬನ್ನಿ!" ಅಂದಳು. ಇಡೀ ಕಚೇರಿ ಎದ್ದು ನಿಂತು ಚಪ್ಪಾಳೆ ತಟ್ಟಿತು. ಅವಳು ನಮಗೆಲ್ಲ ಒಟ್ಟಿಗೆ ತಲೆ ಕೆಟ್ಟಿದೆ ಎಂದುಕೊಂಡು ಕೆಟಲ್ ಅಲ್ಲೇ ಬಿಟ್ಟು ಕೆಳಗಿಳಿದಳು. ದೊಡ್ಡವರು ಸಹಿ ಹಾಕಿದರು. ಉಳಿದದ್ದು ಒಂದು ಚೀಟಿ, ಆರು ದಿನ.

ಅಕ್ಕನ ವಿಷಯ ಈಗ ಹೇಳಬೇಕು. ಆ ತಿಂಗಳು ಅವಳ ಎಡಗಣ್ಣಿನ ಪೊರೆ ತೆಗೆಸಿದ್ದರು. ವಾರದ ನಂತರ ತೋರಿಸಲು ಹೋಗಬೇಕಿತ್ತು. ಅಲ್ಲಿ ಕಣ್ಣಿಗೆ ಔಷಧಿ ಬಿಟ್ಟರೆ ಎರಡು ಮೂರು ಗಂಟೆ ಎದುರಿನದು ಮಸುಕಾಗಿರುತ್ತದೆ, ಕೈ ಹಿಡಿದು ಕರೆತರಲು ಜನ ಬೇಕು. ನಾಲ್ಕು ಗಂಟೆಗೆ ಬರುತ್ತೇನೆ ಅಂದಿದ್ದರು ಭಾವ. ನಾಲ್ಕು ಗಂಟೆಗೆ ನಾವಿಬ್ಬರೂ ಆ ಕ್ಷೌರದ ಅಂಗಡಿಯಲ್ಲೇ ಇದ್ದೆವು, ಆರನೆಯ ಸಲ. ಆಸ್ಪತ್ರೆಯ ವಿಷಯ ನನಗೆ ಅವರು ಹೇಳಿರಲೇ ಇಲ್ಲ. ಅಕ್ಕ ಐದೂವರೆಯವರೆಗೆ ಆಸ್ಪತ್ರೆಯ ಬೆಂಚಿನ ಮೇಲೆ ಕೂತು, ಆಮೇಲೆ ಯಾರೋ ನರ್ಸನ್ನು ಕೇಳಿಕೊಂಡು ಆಟೋ ಹತ್ತಿ ತನ್ನ ಮನೆಗೆ ಹೋಗದೆ ನೇರ ನನ್ನ ಮನೆಗೆ ಬಂದಳು. ಬಂದವಳು ಬೈಯಲಿಲ್ಲ. ಅಕ್ಕ ಬೈಯದಿದ್ದರೆ ನನಗೆ ಹೆದರಿಕೆಯಾಗುತ್ತದೆ.

ಮೂರು ದಿನ ನನ್ನ ಮನೆಯಲ್ಲೇ ಇದ್ದಳು. ಮೊದಲೆರಡು ಸಂಜೆ ಭಾವ ಬಾಗಿಲವರೆಗೆ ಬಂದು, ಚಪ್ಪಲಿ ಬಿಡುವ ಧೈರ್ಯ ಬಾರದೆ ವಾಪಸಾದರು. ಕಚೇರಿಯಲ್ಲಿ ಡಬ್ಬದ ಮುಚ್ಚಳವನ್ನೇ ತೆಗೆಯಲಿಲ್ಲ. ಚಹಾದವಳು ತಾನಾಗಿ ಅವರ ಮೇಜಿಗೆ ಮೊದಲು ಬಂದಳು, ಆ ಬಿಸಿ ಚಹಾ ಆರಿ ಕೆನೆ ಕಟ್ಟಿತು. ಮೂರನೆಯ ಸಂಜೆ, ಅಂದರೆ ಗಡುವಿನ ಹಿಂದಿನ ಸಂಜೆ, ನಾನೇ ತೋಳು ಹಿಡಿದು ಒಳಗೆಳೆದುಕೊಂಡು ಬಂದೆ.

ಅಕ್ಕ ಅಡುಗೆಮನೆಯ ಸ್ಟೂಲಿನ ಮೇಲೆ ಕಪ್ಪು ಕನ್ನಡಕ ಹಾಕಿ ಕೂತಿದ್ದಳು. ಭಾವ ಬಾಗಿಲ ಚೌಕಟ್ಟಿಗೆ ಒರಗಿ, "ಅವಳಿಗೆ ಕಣ್ಣು ಹೇಗಿದೆ ಕೇಳು" ಅಂದರು.

"ಕಣ್ಣು ಚೆನ್ನಾಗಿದೆ, ಎದುರಿಗೆ ಯಾರಿದ್ದಾರೆ ಅಂತ ಸ್ಪಷ್ಟವಾಗಿ ಕಾಣ್ತಿದೆ, ಅದೇ ಕಷ್ಟ ಅಂತ ಹೇಳು," ಅಂದಳು ಅಕ್ಕ. ಮೂರಡಿ ಅಂತರದಲ್ಲಿ ನಾನು ಟಪಾಲು ಪೆಟ್ಟಿಗೆಯಾಗಿ ನಿಂತೆ.

"ತಪ್ಪಾಯ್ತು ಅಂತ ಹೇಳು."

"ತಪ್ಪು ಅವತ್ತಿನ ಸಂಜೆದಲ್ಲ ಅಂತ ಹೇಳು." ಅಲ್ಲಿಗೆ ಅಕ್ಕನಿಗೆ ಟಪಾಲು ಸಾಕಾಯಿತು. ಕನ್ನಡಕ ತೆಗೆದು ಸೀದಾ ಅವರನ್ನೇ ನೋಡಿದಳು. "ಒಂದು ತಿಂಗಳಿಂದ ಮನೇಲಿ ಇದ್ದೂ ಇಲ್ಲ ನೀವು. ಅಪರವಿಗೆ ಹೋಗಿ ಕೂತಿದ್ದೀರಿ. ಇಪ್ಪತ್ತಾರು ವರ್ಷದಲ್ಲಿ ಇಷ್ಟು ದೂರ ಯಾವತ್ತೂ ಹೋಗಿರ್ಲಿಲ್ಲ. ಇನ್ನು ಹೋಗೋಕೆ ಜಾಗ ಇಲ್ಲ ರೀ, ವಾಪಸ್ ಬರೋದೊಂದೇ ಉಳಿದಿರೋದು."

ಸರಿಯಾದ ಅರ್ಥ. ಸ್ವಂತ ಅಗತ್ಯ. ಕಚೇರಿಯ ಎರಡು ಜೊತೆ ಕಿವಿ. ಭಾವನ ಬಲಗೈ ತನ್ನಷ್ಟಕ್ಕೆ ಎದ್ದು ಅಂಗಿಯ ಜೇಬಿಗೆ ಹೋಯಿತು, ಇಪ್ಪತ್ತೇಳು ವರ್ಷದ ಅಭ್ಯಾಸ. ಅಕ್ಕ ಆ ಕೈಯನ್ನೇ ನೋಡುತ್ತಿದ್ದಳು. ನಾನು ಒಳಗೊಳಗೇ, ತೆಗೀಬೇಡಿ ಭಾವ, ತೆಗೆದ್ರೆ ಮುಗೀತು ನಿಮ್ಮ ಕಥೆ, ಅಂದುಕೊಂಡೆ.

ಕೈ ಖಾಲಿಯಾಗಿ ಹೊರಬಂತು. "ಸಂಜೆಯ ಡ್ರಾಪ್ಸ್ ಹಾಕ್ಕೊಂಡ್ಯಾ?" ಎಂದು ಕೇಳಿದರು. ಇಲ್ಲವೆಂದಳು ಅಕ್ಕ. ಕೈ ತೊಳೆದು ಬಂದು, ಅವಳ ಗಲ್ಲ ಎತ್ತಿ ಹಿಡಿದು, ಒಂದು ಹನಿ ಬಿಟ್ಟರು. ಐದು ನಿಮಿಷ ಕಣ್ಣು ಮುಚ್ಚಿಕೊಂಡಿರಬೇಕು. ಅಕ್ಕ ಮುಚ್ಚಿದಳು.

ಆ ಐದು ನಿಮಿಷದಲ್ಲಿ ನಾನು ನನ್ನ ಬ್ಯಾಗಿನಿಂದ ಚೀಟಿ ತೆಗೆದು ಅಕ್ಕನ ಮಾತನ್ನು ಬರೆದು, ಸಹಿ ಮಾಡಿ, ಸದ್ದಿಲ್ಲದೆ ಭಾವನ ಮುಂದೆ ಹಿಡಿದೆ. ಅವರು ತಲೆಯಾಡಿಸಿದರು. ನಾನು ಕಣ್ಣು ಕೆಕ್ಕರಿಸಿದೆ. ಅವರು ಪಿಸುಗುಟ್ಟಿದರು: "ಬೇಡ. ಅದು ನನಗೆ ಹೇಳಿದ್ದು, ನಿಘಂಟಿಗಲ್ಲ."

ಅಕ್ಕನ ಮುಚ್ಚಿದ ಕಣ್ಣಿಂದ ನೀರು ಇಳಿಯಿತು. ಅದು ಔಷಧಿಯದೇ ಎಂದು ಅವಳು ಇಂದಿಗೂ ವಾದಿಸುತ್ತಾಳೆ. ಕಣ್ಣು ತೆರೆಯದೆಯೇ ಕೈ ಚಾಚಿ, "ಪೆನ್ನಿನ ಕ್ಯಾಪ್ ತೆಗೆದ ಸದ್ದು ನನಗೆ ಕೇಳಿಸಲ್ವೇನೇ? ನಾನೇನು ಸುಳ್ಳು ಹೇಳಿದ್ನಾ? ಆಡಿದ್ದು ಆಡಿದ್ದೇ. ಸಹಿ ಹಾಕ್ರೀ," ಅಂದಳು. ಭಾವ ಸಹಿ ಹಾಕಿದರು. ಸಹಿಯ ಬಾಲ ಚೀಟಿಯ ಆಚೆ ಹೋಯಿತು.

ಮರುದಿನ ಹನ್ನೊಂದಕ್ಕೆ ಹತ್ತು ನಿಮಿಷವಿರುವಾಗ ನಾನೊಬ್ಬಳೇ ಚೀಟಿ ಹಿಡಿದು ದೊಡ್ಡವರ ಮುಂದೆ ನಿಂತೆ. ಭಾವ ರಜೆ ಹಾಕಿ ಅಕ್ಕನನ್ನು ಮನೆಗೆ ಕರೆದೊಯ್ಯುತ್ತಿದ್ದರು, ಬಿಸಿಲು ಕಣ್ಣಿಗೆ ಬೀಳದಂತೆ ಛತ್ರಿ ಹಿಡಿದು, ನಡೆದೇ. ದೊಡ್ಡವರು ಚೀಟಿಯನ್ನು ಎರಡು ಸಲ ಓದಿದರು. ಆಡಿದವರು ಯಾರು, ಯಾವಾಗ, ಎಲ್ಲಿ ಎಂದು ಕೇಳುತ್ತಾರೆಂದು ಎಲ್ಲ ಉತ್ತರ ಸಿದ್ಧ ಮಾಡಿಕೊಂಡಿದ್ದೆ. ಅವರು ಮೊಹರು ಒತ್ತಿ, ಒಂದೇ ಪ್ರಶ್ನೆ ಕೇಳಿದರು.

"ವಾಪಸ್ ಬಂದ್ರಾ?"

"ಬರ್ತಿದ್ದಾರೆ ಸಾರ್," ಅಂದೆ. "ನಿಧಾನಕ್ಕೆ."