ನನ್ನ ಹೆಸರಿನಲ್ಲಿ ಓದಿದ ಕಥೆ

ಆ ಕಥೆ ಓದಿದ್ದು ನಾನಲ್ಲ. ನನ್ನನ್ನು ರೇಡಿಯೋದಿಂದ ಸಿನಿಮಾಕ್ಕೆ, ಸಿನಿಮಾದಿಂದ ಟೀವಿಗೆ ಕರೆದುಕೊಂಡು ಹೋದ ದನಿ ನನ್ನ ಗೆಳತಿ ಗಿರಿಜಾಳದು. ಅವಳ ಎಲೆಯ ಊಟವನ್ನು ನಾನು ಉಂಡೆ — ಇಷ್ಟು ವರ್ಷ, ನಗುನಗುತ್ತಾ.

ಎಪ್ಪತ್ತರ ದಶಕದ ಕೊನೆಯಲ್ಲಿ ನಾವಿಬ್ಬರೂ ರೇಡಿಯೋದಲ್ಲಿ ಹಂಗಾಮಿ ಉದ್ಘೋಷಕಿಯರು. ನಾನು ಚಿಕ್ಕಬಾಣಾವರದಿಂದ ರೈಲಿನಲ್ಲಿ ಬರುತ್ತಿದ್ದೆ, ಗಿರಿಜಾ ಯಶವಂತಪುರದಲ್ಲಿ ಹತ್ತುತ್ತಿದ್ದಳು. ಸಿನಿಮಾಕ್ಕೆ ದನಿ ಕೊಡಬೇಕೆಂಬುದು ಅವಳ ಆಸೆ, ನನ್ನದಲ್ಲ. ನೋಡಿಬಂದ ಸಿನಿಮಾದ ನಾಯಕಿಯ ಮಾತನ್ನೆಲ್ಲ ರೈಲಿನಲ್ಲೇ ಆಡಿ ತೋರಿಸುತ್ತಿದ್ದಳು. ಕಡಲೆಕಾಯಿ ಮಾರುವವನೂ ವ್ಯಾಪಾರ ಬಿಟ್ಟು ಕೇಳುತ್ತಿದ್ದ.

ಒಂದು ದಿನ ನನ್ನ ತಂಗಿಯನ್ನು ನೋಡಲು ಗಂಡಿನ ಕಡೆಯವರು ಬರುವವರಿದ್ದರು. ರಜೆ ಕೇಳಿದರೆ ಮುಂದಿನ ಡ್ಯೂಟಿಗೇ ಕತ್ತರಿ. ಅದಕ್ಕೆ ನಮ್ಮಲ್ಲೊಂದು ಒಳದಾರಿ ಇತ್ತು — ಒಬ್ಬರ ಬದಲು ಇನ್ನೊಬ್ಬರು ಓದುವುದು, ಕೊನೆಗೆ ಡ್ಯೂಟಿ ಚಾರ್ಟಿನಲ್ಲಿರುವವರ ಹೆಸರನ್ನೇ ಹೇಳುವುದು. ಮಹಿಳೆಯರ ಕಾರ್ಯಕ್ರಮದಲ್ಲಿ ಗಿರಿಜಾ ಕಥೆ ಓದಿದಳು, "ಓದಿದವರು ಶಾರದಾ" ಎಂದಳು. ನನ್ನ ಕೆಲಸ ಉಳಿಯಲೆಂದು.

ಕೆಲವು ದಿನಗಳ ನಂತರ ಸಿನಿಮಾ ನಿರ್ದೇಶಕರೊಬ್ಬರು ನನ್ನನ್ನೇ ಹುಡುಕಿಕೊಂಡು ಬಂದರು. ಗಿರಿಜಾ ಗಾಜಿನ ಆಚೆ ಸ್ಟುಡಿಯೋದೊಳಗೆ ಕೂತಿದ್ದಳು, ಹಾಡೊಂದು ಹೋಗುತ್ತಿತ್ತು. ಈ ಕಡೆಯ ಸ್ವಿಚ್ ಹಾಕಿ ಮಾತಾಡಿದರೆ ಅವಳ ಹೆಡ್‌ಫೋನಿಗೆ ಕೇಳುತ್ತಿತ್ತು. ಸಂಜೆ ಒಟ್ಟಿಗೆ ಹೋಗೋಣ ಕಣೇ ಎಂದು ಆಗಷ್ಟೇ ಹೇಳಿದ್ದೆ.

"ಶಾರದಾ ಅಂದ್ರೆ ನೀವೇನಮ್ಮಾ? ಆ ಕಥೆ ಓದಿದ್ದು ನೀವೇ ತಾನೆ? ನಮ್ಮ ಹೀರೋಯಿನ್‌ಗೆ ಅದೇ ವಾಯ್ಸ್ ಬೇಕು."

ಗಾಜಿನತ್ತ ಬೆರಳು ತೋರಿಸಿದ್ದರೆ ಸಾಕಿತ್ತು.

"ನಾನೇ ಸಾರ್. ನಾನೇ ಓದಿದ್ದು."

ಆ ಮಾತು ಎಲ್ಲಿಂದ ಬಂತು? ಯೋಚಿಸಿರಲಿಲ್ಲ, ಆಸೆಯೂ ಪಟ್ಟಿರಲಿಲ್ಲ — ಬಾಯಿ ತೆರೆದೆ, ಬಂದುಬಿಟ್ಟಿತು. ಹಾಡು ಮುಗಿಯಿತು. ಎಂದೂ ತಡವರಿಸದ ಗಿರಿಜಾ ಆವತ್ತು "ಈಗ... ಈಗ..." ಎಂದು ತೊದಲಿದಳು. ಸಂಜೆ ರೈಲಿನಲ್ಲಿ ನಾನೇ ಛೇಡಿಸಿದೆ — "ಏನೇ, ಬಾಯಲ್ಲಿ ಬಿಸಿ ತುಪ್ಪ ಇಟ್ಕೊಂಡಿದ್ಯಾ?" ಅವಳು ನಕ್ಕು ಕಿಟಕಿಯ ಕಡೆ ತಿರುಗಿದಳು.

ಡಬ್ಬಿಂಗ್ ಥಿಯೇಟರಿನಲ್ಲಿ ನಿರ್ದೇಶಕರು ಹುಬ್ಬು ಗಂಟಿಕ್ಕಿದರು. "ರೇಡಿಯೋದಲ್ಲಿ ಬೇರೆ ಥರ ಇತ್ತಲ್ಲಮ್ಮಾ?" ನೆಗಡಿ ಎಂದೆ. ಮಾರನೆಯ ದಿನದಿಂದ ಗಿರಿಜಾಳ ಹಾಗೇ ಮಾತಾಡಿದೆ — ವಾಕ್ಯದ ಕೊನೆಯನ್ನು ಇಳಿಸಿ, ಕಡೆಯ ಪದಕ್ಕೆ ಮುಂಚೆ ಒಂದು ಉಸಿರು ನಿಂತು. ಅವರಿಗೆ ಹಿಡಿಸಿತು. ಸಿನಿಮಾದ ಮೇಲೆ ಸಿನಿಮಾ ಬಂತು, ಆಮೇಲೆ ಟೀವಿಯಲ್ಲಿ ನನ್ನ ಮುಖವೂ ಬಂತು. ಗಿರಿಜಾಳಿಗೆ ಡ್ಯೂಟಿ ಕಡಿಮೆಯಾಗುತ್ತಾ ಹೋಯಿತು, ಅವಳು ರೇಡಿಯೋ ಬಿಟ್ಟು ಶಿಶುವಿಹಾರದ ಟೀಚರಾದಳು.

ಎಂಬತ್ತರ ದಶಕದ ಒಂದು ಭಾನುವಾರ ಆರ್.ಟಿ. ನಗರದ ಅವಳ ಮನೆಗೆ ಹೋಗಿದ್ದೆ. ಟೀವಿಯಲ್ಲಿ ನಾನು ದನಿ ಕೊಟ್ಟ ಅದೇ ಮೊದಲ ಸಿನಿಮಾ. ಅಕ್ಕಪಕ್ಕದವರೆಲ್ಲ ಹಾಲಿನಲ್ಲಿ ಚಾಪೆ ಹಾಸಿ ಕೂತಿದ್ದರು. ನಾಯಕಿ ಬಾಯಿ ತೆರೆದಳು. ಎದುರುಮನೆಯಾಕೆ ಕೂಗಿದರು — "ಗಿರಿಜಮ್ಮಾ, ಇವ್ಳು ನಿಮ್ ಥರಾನೇ ಮಾತಾಡ್ತಾಳಲ್ರೀ!"

ಎಲ್ಲರೂ ನಕ್ಕರು. ನಾನು ಎದ್ದು ಅಡುಗೆಮನೆಗೆ ಹೋದೆ. ಗಿರಿಜಾ ಕಾಫಿ ಬೆರೆಸುತ್ತಿದ್ದಳು, ತಿರುಗಲಿಲ್ಲ.

"ಆವತ್ತು ನೀನು ಸ್ವಿಚ್ ಆಫ್ ಮಾಡಿರ್ಲಿಲ್ಲ ಕಣೇ."

ಅವಳಿಗೆ ಕೇಳಿಸಿತ್ತು! ಆ ನಿರ್ದೇಶಕರ ಪ್ರಶ್ನೆ, ನನ್ನ ಉತ್ತರ, ಎಲ್ಲ — ಕಿವಿಯೊಳಕ್ಕೇ. ಅದನ್ನು ಕೇಳಿಸಿಕೊಂಡೇ ಅವಳು ಮುಂದಿನ ಹಾಡಿನ ಹೆಸರು ಹೇಳಿದ್ದಳು. ಕೇಳಿಸಿಕೊಂಡೇ ನನ್ನ ಪಕ್ಕ ಕೂತು ರೈಲಿನಲ್ಲಿ ಬಂದಿದ್ದಳು. ಮತ್ತೆ ನಾನು — ಬಿಸಿ ತುಪ್ಪ ಅಂದಿದ್ದೆ.

"ಯಾಕ್ ಹೇಳ್ಲಿಲ್ಲ?" ಎಂದೆ.

"ಹೇಳಿದ್ರೆ ನಿನ್ ಕೆಲ್ಸ ಹೋಗ್ತಿತ್ತು. ನೀನೇ ಹೇಳ್ತೀಯ ಅಂತ ಕಾದೆ. ಆಮೇಲೆ ಕಾಯೋದ್ ಬಿಟ್ಟೆ. ತಗೋ, ಕಾಫಿ ಆರ್ತಿದೆ."

ಆ ಕಾಫಿಯನ್ನು ನಾನು ಕುಡಿದೆ. ಕುಡಿದು, ಕ್ಷಮೆಯ ಒಂದು ಮಾತೂ ಆಡದೆ ಹೊರಟು ಬಂದೆ. ಅದಕ್ಕೆ ಯಾವ ನೆಪವನ್ನೂ ಹೇಳುವುದಿಲ್ಲ. ಈ ಬರಹ ಅಚ್ಚಾದ ದಿನ ಮೊದಲ ಪ್ರತಿಯನ್ನು ಹಿಡಿದು ಅವಳ ಬಾಗಿಲಿಗೆ ಹೋಗುತ್ತೇನೆ. ಒಳಗೆ ಕರೆಯುವುದು, ಬಿಡುವುದು ಅವಳಿಗೆ ಸೇರಿದ್ದು. ಕಾರ್ಯಕ್ರಮದ ಕೊನೆಯಲ್ಲಿ ಹೇಳಬೇಕಾಗಿದ್ದನ್ನು ಇಲ್ಲಿ ಹೇಳುತ್ತಿದ್ದೇನೆ.

ಕಥೆ ಓದಿದವರು, ಗಿರಿಜಾ.