ಬಾಣಂತನದ ಕೆಂಡ

ಹೆಲ್ಮೆಟ್ ಹಾಕಿಕೊಂಡ ನಾಲ್ವರು ಬೂಟುಗಾಲಲ್ಲೇ ನನ್ನ ಬಾಣಂತಿ ಕೋಣೆಗೆ ನುಗ್ಗಿ, ಇಪ್ಪತ್ತು ದಿನದ ಮಗಳನ್ನು ಎತ್ತಿಕೊಂಡು ಹಿಮ ಬೀಳುತ್ತಿದ್ದ ಬೀದಿಗೆ ಓಡಿದರು. ಹಸಿ ಬಾಣಂತಿಗೆ ಗಾಳಿ ತಾಗಬಾರದೆಂದು ಬಾಗಿಲ ಸಂದಿಗೂ ಸೀರೆ ತುರುಕಿದ್ದ ಅವ್ವ ಅಡುಗೆಮನೆಯಲ್ಲಿ ಎಚ್ಚರ ತಪ್ಪಿ ಬಿದ್ದಿದ್ದಳು.

ಬಾಣಂತನ ಮಾಡಲೆಂದೇ ಅವಳು ಧಾರವಾಡದಿಂದ ಪರದೇಶದ ಈ ಬೆಲ್‌ರೋಸ್‌ಗೆ ಬಂದಿದ್ದಳು. ಊರಲ್ಲಿ ನಮ್ಮದು ಹೆಂಚಿನ ಮನೆ, ಹೊಗೆ ತಾನೇ ದಾರಿ ಹುಡುಕಿಕೊಳ್ಳುತ್ತಿತ್ತು. ಕೂಸಿಗೆ ಎರೆದು, ಕೆಂಡಕ್ಕೆ ಲೋಬಾನ ಹಾಕಿ ತಲೆ ಆರಿಸಿ, ಆ ಕೆಂಡವನ್ನೇ ಮಂಚದ ಕೆಳಗಿಡುತ್ತಿದ್ದರು. ಇಲ್ಲಿ ನಮ್ಮದು ಬೇಸ್‌ಮೆಂಟ್, ಅಂದರೆ ನೆಲದಡಿಯ ಬಾಡಿಗೆ ಮನೆ, ಎರಡೇ ಕಿಟಕಿ. ಮಲಗುವ ಕೋಣೆಯಿಂದ ಹದಿನೈದು ಅಡಿಯೊಳಗೆ ಹೊಗೆ ಬಂದರೆ ಕೂಗುವ ಅಲಾರಂ ಇರಲೇಬೇಕೆಂಬುದು ಇಲ್ಲಿನ ಕಾನೂನು. ಮನೆಯೊಡೆಯ ಪಂಜಾಬಿ ಅಂಕಲ್ ಅದನ್ನು ಹಾಕಿಸಿ, ಕಳಚುವುದಿಲ್ಲವೆಂದು ನನ್ನಿಂದ ಸಹಿ ಮಾಡಿಸಿಕೊಂಡಿದ್ದರು.

ಒಗ್ಗರಣೆ ಹಾಕಿದಾಗಲೆಲ್ಲ ಅದು ಚೀರುತ್ತಿತ್ತು, ನಾನು ಟವೆಲ್ ಬೀಸಿ ಬಾಯಿ ಮುಚ್ಚಿಸುತ್ತಿದ್ದೆ. ಅವ್ವ ಕೆಂಡ ತಂದಾಗಲೂ ಚೀರಿತು, ಕೂಸು ಬೆಚ್ಚಿ ಅತ್ತಿತು. ಕುರ್ಚಿ ಹತ್ತಿ ಅದನ್ನು ಕಳಚಿ ಬ್ಯಾಟರಿ ತೆಗೆದವಳು ನಾನೇ. ಹೊಗೆಗಷ್ಟೇ ಅಲ್ಲ, ಕೆಂಡದಿಂದ ಏಳುವ, ಬಣ್ಣ ವಾಸನೆಯಿಲ್ಲದ ಕಾರ್ಬನ್ ಮೋನಾಕ್ಸೈಡ್ ಎಂಬ ವಿಷಾನಿಲಕ್ಕೂ ಅದು ಕೂಗುತ್ತದೆಂದು ಡಬ್ಬಿಯ ಮೇಲೇ ಬರೆದಿತ್ತು. ಎಂಜಿನಿಯರಿಂಗ್ ಓದಿದ ಈ ಮೂರ್ಖಳು ಅದನ್ನು ಓದಲಿಲ್ಲ.

ಆ ದಿನ ಚಳಿ ಜಾಸ್ತಿಯೆಂದು ಅವ್ವ ಇದ್ದಿಲನ್ನೂ ಜಾಸ್ತಿ ಹಾಕಿದಳು. ಗಂಡ ಆಫೀಸಿಗೆ ಹೋಗಿದ್ದರು. ನನ್ನ ತಲೆ ಸಿಡಿಯುತ್ತಿತ್ತು. ಬಾಣಂತಿಯ ಸುಸ್ತು ಅಂದುಕೊಂಡೆ. ಮೊಲೆ ಬಾಯಿಗಿಟ್ಟರೂ ಕೂಸು ಚೀಪಲಿಲ್ಲ. ಕೂಗಿದರೆ ಅವ್ವ ಓಗೊಡಲಿಲ್ಲ. ತುರ್ತು ಸಹಾಯದ ಮೂರು ಅಂಕಿ ಒತ್ತುವುದರೊಳಗೆ ಸಾಕುಸಾಕಾಯಿತು. ಹೆಲ್ಮೆಟ್ಟಿನ ಆ ಅಗ್ನಿಶಾಮಕದವರು ಬಂದದ್ದು ಆ ಕರೆಗೆ.

ಆಸ್ಪತ್ರೆಯಲ್ಲಿ ಆಮ್ಲಜನಕ ಕೊಟ್ಟ ಮೇಲೆ ಮೂವರೂ ಬದುಕಿಕೊಂಡೆವು. ಆಮೇಲೆ ಮಕ್ಕಳ ರಕ್ಷಣೆಯ ಅಧಿಕಾರಿಯೊಬ್ಬಳು ಬಂದಳು. ಹೆತ್ತವರ ತಪ್ಪಿದ್ದರೆ ಇಲ್ಲಿ ಕೂಸನ್ನೇ ಕರೆದೊಯ್ಯುತ್ತಾರೆಂದು ಕೇಳಿದ್ದೆ. ಕನ್ನಡದ ದುಭಾಷಿ ಸಿಗದೆ ಅವಳು ನನ್ನ ಮೂಲಕವೇ ಅವ್ವನನ್ನು ವಿಚಾರಿಸಿದಳು: ಅಲಾರಂ ತೆಗೆದವರು ಯಾರು?

"ನಾನ ತಗದೇನಿ ಅಂತ ಹೇಳು," ಎಂದಳು ಅವ್ವ. "ನಾ ಹೆಂಗಿದ್ರೂ ಊರಿಗೆ ಹೋಗಾಕಿ. ಕೂಸು ನಿನ್ನ ಕಡೇನ ಇರಬೇಕು."

"ಬ್ಯಾಡವ್ವಾ."

"ಹೇಳಂದ್ರ ಹೇಳು."

ಹೇಳಿಬಿಟ್ಟೆ. ಅಚ್ಚುಕಟ್ಟಾದ ಇಂಗ್ಲಿಷಿನಲ್ಲಿ ಹೆತ್ತವಳ ಮೇಲೆ ತಪ್ಪು ಹೊರಿಸಿದೆ. ಬೇರೆ ಯಾರೂ ಇಲ್ಲದಾಗ ಅಜ್ಜಿಯ ಕೈಯಲ್ಲಿ ಕೂಸನ್ನು ಬಿಡಕೂಡದೆಂದು ಆ ಅಧಿಕಾರಿ ಬರೆದುಕೊಟ್ಟು ಹೋದಳು.

ವಾರದೊಳಗೇ ಅವ್ವ ಹೊರಟಳು. ವಿಮಾನ ನಿಲ್ದಾಣದಲ್ಲಿ ಕೂಸಿನತ್ತ ಚಾಚಿದ ಕೈಯನ್ನು ಹಿಂದಕ್ಕೆ ತೆಗೆದುಕೊಂಡು, "ಎತ್ಕೊಳ್ಳಲೇನವಾ?" ಎಂದು ನನ್ನನ್ನು ಕೇಳಿದಳು.

ಈಗ ಊರಿಗೆ ಹೋಗುವ ಮಾತು ಬಂದಾಗಲೆಲ್ಲ ಏನಾದರೊಂದು ನೆಪ ಹೇಳುತ್ತೇನೆ. ಇಲ್ಲಿ ಮಗಳಿದ್ದಾಳೆ, ಅಲ್ಲಿ ಅವ್ವ ಇದ್ದಾಳೆ. ಎರಡೂ ಕಡೆ ನನಗೆ ತಲೆ ಎತ್ತಲಾಗುತ್ತಿಲ್ಲ.